ಕಾರಾಪುರದ ಸಾಬು: ಬರೀ ‘ಆನೆ ಹುಡುಗ’ ಅಂದರೆ ಸಾಕಾ?

ಚಾಮುಂಡಿಪುರಂ ಓದುಗಿ

ಕಳೆದ ದಸರಾಕ್ಕೆ ಮುಂಚೆ ಒಂದು ಸಂಜೆ ಅರಮನೆ ಆವರಣಕ್ಕೆ ಹೋಗಿದ್ದೆ. ಆನೆಗಳ ತಾಲೀಮು ಮುಗಿದಿತ್ತು. ಮಾವುತರ ಟೆಂಟಿನ ಪಕ್ಕ ಹತ್ತು ಹನ್ನೊಂದು ವರ್ಷದ ಒಬ್ಬ ಹುಡುಗ ಕುಸುರೆ ಕಟ್ಟುತ್ತಿದ್ದ. ಭತ್ತದ ಹುಲ್ಲು ಮಡಿಸಿ, ಒಳಗೆ ಬೆಲ್ಲ, ಕಾಯಿ ಇಟ್ಟು, ಸುತ್ತಿ, ಆನೆಯ ಬಾಯೊಳಗೆ ಕೈ ಹಾಕಿ ಇಡುತ್ತಿದ್ದ. ನನ್ನ ಪಕ್ಕ ನಿಂತಿದ್ದ ವಯಸ್ಸಾದವರೊಬ್ಬರು "ನೋಡಮ್ಮ, ಥೇಟ್ ಸಾಬು" ಅಂದರು. ಯಾವ ಸಾಬು ಅಂತ ಕೇಳಿದೆ. "ಹಾಲಿವುಡ್ಡಿಗೆ ಹೋದನಲ್ಲ, ನಮ್ಮ ಕಾರಾಪುರದ ಹುಡುಗ" ಅಂದರು.

ಮನೆಗೆ ಬಂದು ಹುಡುಕಿದೆ. ಸಿಕ್ಕಿದ್ದನ್ನೆಲ್ಲ ಓದಿದೆ, ಸಿಕ್ಕ ಸಿನಿಮಾಗಳನ್ನೆಲ್ಲ ನೋಡಿದೆ. ಈಗ ಬರೆಯದೆ ಇರಲು ಆಗುತ್ತಿಲ್ಲ.

ಸಾಬು ಹುಟ್ಟಿದ್ದು 1924ರ ಜನವರಿ 27ರಂದು, ಎಚ್.ಡಿ. ಕೋಟೆ ತಾಲ್ಲೂಕಿನ ಕಾರಾಪುರದಲ್ಲಿ. ಅಪ್ಪ ಮಹಾರಾಜರ ಆನೆಗಳ ಮಾವುತ. ಅಮ್ಮ ಇವನು ಕೂಸಾಗಿದ್ದಾಗಲೇ ಹೋದರು. ಸ್ವಲ್ಪ ವರ್ಷಕ್ಕೆ ಅಪ್ಪನೂ ಹೋದರು. ಅಣ್ಣನ ಜೊತೆ ಆನೆ ಲಾಯವೇ ಮನೆಯಾಯಿತು. 1935ರಲ್ಲಿ ರಾಬರ್ಟ್ ಫ್ಲಾಹರ್ಟಿ ಎಂಬ ಅಮೆರಿಕದ ನಿರ್ದೇಶಕರು ಕಿಪ್ಲಿಂಗ್ ಬರೆದ ಆನೆ ಹುಡುಗನ ಕಥೆಯನ್ನು ಸಿನಿಮಾ ಮಾಡಲು ಮೈಸೂರಿಗೆ ಬಂದರು. ಹಣ ಹಾಕಿದ್ದು ಲಂಡನ್ನಿನ ಅಲೆಕ್ಸಾಂಡರ್ ಕೊರ್ಡಾ. ಹುಡುಕಿ ಹುಡುಕಿ ಕೊನೆಗೆ ಈ ಹುಡುಗನನ್ನು ಆರಿಸಿದರು. ಉಳಿದ ಚಿತ್ರೀಕರಣಕ್ಕೆ ಅಂತ ಅಣ್ಣ ತಮ್ಮ ಇಬ್ಬರನ್ನೂ ಇಂಗ್ಲೆಂಡಿಗೆ ಕರೆದುಕೊಂಡು ಹೋದರು. ‘ಎಲಿಫೆಂಟ್ ಬಾಯ್’ 1937ರಲ್ಲಿ ಬಂತು. ವೆನಿಸ್ ಚಿತ್ರೋತ್ಸವದಲ್ಲಿ ನಿರ್ದೇಶನಕ್ಕೆ ಪ್ರಶಸ್ತಿ ಪಡೆಯಿತು. ಸಾಬು ಕೊನೆಯವರೆಗೂ ಅಲ್ಲೇ ನೆಲೆ ನಿಂತರು. ಮೊದಲು ಇಂಗ್ಲೆಂಡ್, ಆಮೇಲೆ ಅಮೆರಿಕ.

ನಮ್ಮೂರಲ್ಲಿ ಕೆ.ಎಸ್. ಅಶ್ವತ್ಥ್ ಅವರ ಬಗ್ಗೆ ಕೇಳಿದರೆ ಯಾರು ಬೇಕಾದರೂ ಅರ್ಧ ಗಂಟೆ ಮಾತಾಡುತ್ತಾರೆ. ಎಂ.ಪಿ. ಶಂಕರ್ ಅಂದರೆ ಗರಡಿಮನೆಯಿಂದ ಕಥೆ ಶುರುವಾಗುತ್ತದೆ. ಸಾಬು ಅಂದರೆ "ಯಾರದು?" ಅನ್ನುತ್ತಾರೆ. ಗೊತ್ತಿದ್ದವರೂ "ಓ, ಆ ಆನೆ ಹುಡುಗನಾ" ಅಂತ ಹೇಳಿ ಮುಗಿಸುತ್ತಾರೆ. ಅವರು ಇಪ್ಪತ್ತಕ್ಕೂ ಹೆಚ್ಚು ಸಿನಿಮಾಗಳಲ್ಲಿ ನಟಿಸಿದ್ದಾರೆ. ನನಗೆ ಅವರು ಮೊದಲು ನಟ, ಆಮೇಲೆ ಮಾವುತನ ಮಗ. ನಿಮಗೆ ಏನನ್ನಿಸುತ್ತದೆ? ಯಾರಿಗಾದರೂ ಹೆಚ್ಚು ಗೊತ್ತಿದ್ದರೆ ದಯವಿಟ್ಟು ಬರೆಯಿರಿ.

ಕೋಟೆ ಕಡೆಯವ

ಅಕ್ಕ, ನಮ್ಮ ಕಡೆ ಹೆಸರು ಬರೆದಿದ್ದೀರಿ, ತುಂಬಾ ಸಂತೋಷ. ಕಾರಾಪುರ ಅಂದರೆ ಈಗ ಎಲ್ಲರಿಗೂ ಸಫಾರಿ, ರೆಸಾರ್ಟು. ಮಹಾರಾಜರ ಬೇಟೆ ಬಂಗಲೆ ಇದ್ದ ಜಾಗ ಅದು. ಸಾಬು ಕಾಲದಲ್ಲಿ ಅಲ್ಲಿ ಹಿನ್ನೀರೇ ಇರಲಿಲ್ಲ. ಕಬಿನಿ ಹೊಳೆ ಇತ್ತು, ಹತ್ತಿರದಲ್ಲೇ ಕಾಕನಕೋಟೆ ಕಾಡು. ಖೆಡ್ಡಾ ನಡೆಯುತ್ತಿದ್ದ ಜಾಗ ಅದೇ.

ಖೆಡ್ಡಾ ನೋಡದವರಿಗೆ ಒಂದು ಮಾತು. ಕಾಡಾನೆ ಹಿಂಡನ್ನು ತಮಟೆ, ಬೆಂಕಿ, ಕೂಗಾಟದಿಂದ ದಿನಗಟ್ಟಲೆ ಮೆಲ್ಲಗೆ ಅಟ್ಟಿಕೊಂಡು ಬಂದು, ಹೊಳೆ ದಾಟಿಸಿ, ದಪ್ಪ ಮರದ ದಿಮ್ಮಿಗಳ ಆವರಣದೊಳಗೆ ಕೂಡುತ್ತಿದ್ದರು. ಒಳಗೆ ಹೋಗಿ ಹಗ್ಗ ಹಾಕುವುದು ಪಳಗಿದ ಆನೆಗಳ ಮೇಲೆ ಕೂತ ಮಾವುತರ ಕೆಲಸ. ಜೀವ ಕೈಯಲ್ಲಿ ಹಿಡಿದು ಮಾಡುವ ಕೆಲಸ. ಕಾಕನಕೋಟೆಯಲ್ಲಿ ಕೊನೆಯ ಖೆಡ್ಡಾ ಆಗಿದ್ದು 1971ರಲ್ಲಿ. ಆಮೇಲೆ ಕಬಿನಿ ಅಣೆಕಟ್ಟು ಬಂತು, ಆ ಜಾಗ ಮುಳುಗಿತು. ಸಾಬು ಆಡಿದ ದಡ ಈಗ ನೀರಿನ ಕೆಳಗಿದೆ. ಬೇಸಿಗೆಯಲ್ಲಿ ನೀರು ಇಳಿದಾಗ ಒಣಗಿದ ಮರದ ಬೊಡ್ಡೆಗಳು ಮೇಲೆ ಕಾಣುತ್ತವೆ. ಅದನ್ನು ನೋಡಿದಾಗೆಲ್ಲ ನನಗೆ ಹಳೇ ಕಾಡು ನೆನಪಾಗುತ್ತದೆ.

ನಮ್ಮ ಕಡೆ ಮಾವುತರಲ್ಲಿ ಜೇನುಕುರುಬರಿದ್ದಾರೆ, ಮುಸ್ಲಿಮರೂ ಇದ್ದಾರೆ. ಅದಕ್ಕೇ ಆನೆಗೆ ಹೇಳುವ ಮಾತುಗಳಲ್ಲಿ ಉರ್ದು ಜಾಸ್ತಿ. ಮಾವುತ ಕತ್ತಿನ ಮೇಲೆ ಕೂರುತ್ತಾನೆ, ಕಾವಾಡಿ ಸೊಪ್ಪು ಕಡಿಯುವುದು, ಸ್ನಾನ ಮಾಡಿಸುವುದು ನೋಡಿಕೊಳ್ಳುತ್ತಾನೆ. ಕಾವಾಡಿಯ ಮಕ್ಕಳು ನಡೆಯಲು ಕಲಿಯುವಷ್ಟರಲ್ಲಿ ಆನೆ ಕಾಲ ಕೆಳಗೇ ಓಡಾಡುತ್ತಿರುತ್ತವೆ. ಅಂಕುಶ ಕಡಿಮೆ, ಕಾಲ್ಬೆರಳು ಜಾಸ್ತಿ. ಕಿವಿಯ ಹಿಂದೆ ಬೆರಳಲ್ಲಿ ಒತ್ತಿದರೆ ಆನೆಗೆ ಎಲ್ಲ ಗೊತ್ತಾಗುತ್ತದೆ. ಸಿನಿಮಾದಲ್ಲಿ ಸಾಬು ಕಾಲು ನೋಡಿ. ಅದು ಯಾರೋ ಹೇಳಿಕೊಟ್ಟು ಬರುವಂಥದ್ದಲ್ಲ.

ಹಳೇ ಟಾಕೀಸು

ಒಳ್ಳೆಯ ವಿಷಯ ತೆಗೆದಿದ್ದೀರಿ ಮೇಡಂ. ಆದರೆ ನನಗೆ ಒಂದು ಅನುಮಾನ ಇದೆ. ಮೇಲೆ ಕೋಟೆಯವರು ಹೇಳಿದ್ದೇ ನನ್ನ ಮಾತಿಗೆ ಆಧಾರ. ಹುಟ್ಟಿನಿಂದ ಬಂದಿದ್ದನ್ನು ಕ್ಯಾಮೆರಾ ಮುಂದೆ ಮಾಡಿದರೆ ಅದನ್ನು ನಟನೆ ಅನ್ನಬಹುದಾ? ಆ ಹುಡುಗ ಚೆಂದ, ನಗು ಚೆಂದ, ನಾನು ಒಪ್ಪುತ್ತೇನೆ. ಆದರೆ ಅಶ್ವತ್ಥ್ ಅವರು ಬರೀ ಕಣ್ಣಲ್ಲೇ ಒಬ್ಬ ಮೇಷ್ಟ್ರ ಇಡೀ ಜೀವನವನ್ನು ತೋರಿಸುತ್ತಿದ್ದರು. ಆ ತೂಕದಲ್ಲಿ ಇಟ್ಟು ನೋಡಿದರೆ ಸಾಬು ಎಲ್ಲಿ ನಿಲ್ಲುತ್ತಾರೆ?

ಇನ್ನೊಂದು. ಕೆಲವರು ಎರಡು ಆನೆಗಳನ್ನು ಕಲಸಿಬಿಡುತ್ತಾರೆ. ‘ಎಲಿಫೆಂಟ್ ಬಾಯ್’ ಸಿನಿಮಾದಲ್ಲಿ ಕಾಲಾನಾಗ್ ಎಂಬ ಆನೆ ಆಗಿದ್ದು ಅರಮನೆಯ ಐರಾವತ. ಅಂಬಾರಿ ಹೊತ್ತ ಆನೆಗಳ ಪಟ್ಟಿಯಲ್ಲಿ ಅದರ ಹೆಸರೂ ಇದೆ. 1973ರ ‘ಗಂಧದ ಗುಡಿ’ಯಲ್ಲಿ ಇದ್ದಿದ್ದು ರಾಜೇಂದ್ರ. ಅದೂ ಅಂಬಾರಿ ಹೊತ್ತಿದೆ. ನಮ್ಮೂರಿನ ಆನೆಗಳಿಗೂ ಸಿನಿಮಾದ ನಂಟು ಇದೆ, ಅಲ್ವಾ?

ಚಾಮುಂಡಿಪುರಂ ಓದುಗಿ

ಸರ್, ನೀವು ಕೇಳಿದ್ದು ಸರಿಯಾದ ಪ್ರಶ್ನೆ. ಮೊದಲ ಸಿನಿಮಾಗೆ ನಾನು ವಾದ ಮಾಡುವುದಿಲ್ಲ. ಅಲ್ಲೂ ಒಂದು ವಿಷಯ ಇದೆ. ಶುರುವಿನಲ್ಲೇ ಆ ಹುಡುಗ ನೇರವಾಗಿ ನಮ್ಮ ಕಡೆ ನೋಡಿ ಇಂಗ್ಲಿಷಿನಲ್ಲಿ ತನ್ನ ಕಥೆ ಹೇಳುತ್ತಾನೆ. ಸ್ವಲ್ಪ ದಿನಗಳ ಹಿಂದೆ ಅವನಿಗೆ ಆ ಭಾಷೆಯ ಗಂಧವೇ ಇರಲಿಲ್ಲ. ಆದರೂ ಎಲ್ಲೂ ಅಳುಕಿಲ್ಲ.

ಆದರೆ ದಯವಿಟ್ಟು 1940ರ ‘ದಿ ಥೀಫ್ ಆಫ್ ಬಾಗ್ದಾದ್’ ನೋಡಿ. ಅದರಲ್ಲಿ ಸಾಬು ಆನೆ ಹುಡುಗ ಅಲ್ಲ. ಅಬು ಎಂಬ ಪುಟ್ಟ ಕಳ್ಳ. ಆಗ ಸಾಬುಗೆ ಹದಿನಾರು ವರ್ಷ. ಚಿತ್ರೀಕರಣ ಇಂಗ್ಲೆಂಡಿನಲ್ಲಿ ಶುರುವಾಗಿತ್ತು, ಯುದ್ಧ ಬಂದಿದ್ದರಿಂದ ಎಲ್ಲರೂ ಅಮೆರಿಕಕ್ಕೆ ಹೋಗಿ ಮುಗಿಸಿದರು. ಮೂರು ಆಸ್ಕರ್ ಬಂದವು, ಛಾಯಾಗ್ರಹಣಕ್ಕೆ, ಕಲಾ ನಿರ್ದೇಶನಕ್ಕೆ, ವಿಶೇಷ ದೃಶ್ಯಗಳಿಗೆ. ಆ ಬಣ್ಣಗಳ ಮಧ್ಯೆ ನಮ್ಮ ಕಣ್ಣು ನಿಲ್ಲುವುದು ಮಾತ್ರ ಸಾಬು ಮೇಲೆ.

ಒಂದು ದೃಶ್ಯ ಹೇಳುತ್ತೇನೆ. ಸಮುದ್ರದ ದಡದಲ್ಲಿ ಅಬು ಒಬ್ಬನೇ ಇರುತ್ತಾನೆ. ಒಂದು ಸೀಸೆ ಸಿಗುತ್ತದೆ. ಬಿರಡೆ ತೆಗೆದರೆ ಬೆಟ್ಟದಷ್ಟು ಎತ್ತರದ ಜಿನ್ ಹೊರಗೆ ಬರುತ್ತಾನೆ. ರೆಕ್ಸ್ ಇಂಗ್ರಾಮ್ ಎಂಬ ಕಪ್ಪು ಅಮೆರಿಕನ್ ನಟರು ಆ ಪಾತ್ರ ಮಾಡಿದ್ದಾರೆ. ಕೊಂದೇಬಿಡುತ್ತೇನೆ ಅಂತ ಅಬ್ಬರಿಸುತ್ತಾನೆ. ಅಬು ಹೆದರುತ್ತಾನೆ. ಆದರೆ ಹೆದರುತ್ತಲೇ ಅವನ ಮುಖದಲ್ಲಿ ಒಂದು ಉಪಾಯ ಹೊಳೆಯುವುದು ನಮಗೆ ಕಾಣುತ್ತದೆ. "ಇಷ್ಟು ದೊಡ್ಡವನು ಇಷ್ಟು ಚಿಕ್ಕ ಸೀಸೆಯಲ್ಲಿ ಹೇಗಿದ್ದೆ? ನಾನು ನಂಬಲ್ಲ" ಅನ್ನುವ ಧಾಟಿಯಲ್ಲಿ ಕೆಣಕಿ ಅವನನ್ನು ಮತ್ತೆ ಒಳಗೆ ಹೋಗುವಂತೆ ಮಾಡಿ ಬಿರಡೆ ಹಾಕುತ್ತಾನೆ. ಆಮೇಲೆ ಜಿನ್ ಮೂರು ವರ ಕೊಡಲು ಒಪ್ಪುತ್ತಾನೆ. ಮೊದಲ ವರ ಏನು ಕೇಳುತ್ತಾನೆ ಗೊತ್ತಾ? ಹೊಟ್ಟೆ ಹಸಿದಿದೆ, ಅಮ್ಮ ಹುರಿದು ಕೊಡುತ್ತಿದ್ದಂಥ ಸಾಸೇಜು ಬೇಕು ಅಂತ. ಬಾಣಲೆ ಕೈಗೆ ಬರುತ್ತದೆ. ಒಂದು ವರ ಖರ್ಚಾಗಿ ಹೋಗುತ್ತದೆ.

ಅಮ್ಮನ ಮುಖವನ್ನೇ ನೋಡದ ಹುಡುಗ ಆ ಮಾತು ಹೇಳುತ್ತಿದ್ದಾನೆ. ನಾನು ಅದನ್ನು ನಾಲ್ಕು ಸಲ ನೋಡಿದೆ. ಅಲ್ಲಿ ಆನೆ ಇಲ್ಲ, ಕಾಡಿಲ್ಲ, ಕಾರಾಪುರವೂ ಇಲ್ಲ. ಇರುವುದು ಒಬ್ಬ ನಟ ಮಾತ್ರ.

ಮಂಡ್ಯ ಮೇಷ್ಟ್ರು

ಎಲ್ಲರೂ ಬರೀ ಒಳ್ಳೆಯದನ್ನೇ ಬರೆಯುತ್ತಿದ್ದೀರಿ, ಒಂದು ಕಹಿಯನ್ನೂ ಇಲ್ಲಿ ಇಡಬೇಕು. 1938ರಲ್ಲಿ ‘ದಿ ಡ್ರಮ್’ ಅಂತ ಒಂದು ಸಿನಿಮಾ ಬಂತು. ಸಾಬು ಅದರಲ್ಲಿ ಗಡಿನಾಡಿನ ರಾಜಕುಮಾರ ಅಜೀಮ್. ಬ್ರಿಟಿಷರಿಗೆ ಸಹಾಯ ಮಾಡುವ ಒಳ್ಳೆಯ ಹುಡುಗ. ಎದುರು ನಿಂತವರೆಲ್ಲ ಕೆಟ್ಟವರು. ಬೊಂಬಾಯಿಯಲ್ಲಿ, ಮದರಾಸಿನಲ್ಲಿ ಜನ ಬೀದಿಗಿಳಿದು ವಿರೋಧ ಮಾಡಿದರು, ಸಿನಿಮಾ ನಿಂತುಹೋಯಿತು.

ಇಸವಿ ನೆನಪಿಟ್ಟುಕೊಳ್ಳಿ. ಅದೇ 1938ರ ಏಪ್ರಿಲ್‌ನಲ್ಲಿ ನಮ್ಮ ಮದ್ದೂರಿನ ಹತ್ತಿರ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ ಆಗಿದ್ದು. ನಾನು ಪ್ರತಿ ವರ್ಷ ಮಕ್ಕಳನ್ನು ಶಿವಪುರದ ಸತ್ಯಾಗ್ರಹ ಸೌಧಕ್ಕೆ ಕರೆದುಕೊಂಡು ಹೋಗುತ್ತೇನೆ. ಇಲ್ಲಿ ನಮ್ಮವರು ಧ್ವಜ ಹಾರಿಸಲು ಹೊರಟಿದ್ದ ವರ್ಷವೇ ನಮ್ಮ ಪಕ್ಕದ ಜಿಲ್ಲೆಯ ಹುಡುಗ ಲಂಡನ್ನಿನ ಪರದೆ ಮೇಲೆ ಆ ಪಾತ್ರ ಮಾಡುತ್ತಿದ್ದ. ನನಗೆ ಇದು ಸುಲಭಕ್ಕೆ ಅರಗುವುದಿಲ್ಲ. ಹೆಮ್ಮೆ ಪಡೋಣ, ಬೇಡ ಅನ್ನುವುದಿಲ್ಲ. ಆದರೆ ಇದನ್ನು ಮುಚ್ಚಿಟ್ಟು ಹೆಮ್ಮೆ ಪಡುವುದು ಬೇಡ.

ಕೋಟೆ ಕಡೆಯವ

ಮೇಷ್ಟ್ರೇ, ನಿಮ್ಮ ಮಾತಿನಲ್ಲಿ ನ್ಯಾಯ ಇದೆ. ಆದರೆ ಆಗ ಅವನಿಗೆ ಹದಿನಾಲ್ಕು. ಅಪ್ಪ ಅಮ್ಮ ಇಲ್ಲ. ಊರು ಸಾವಿರಾರು ಮೈಲಿ ದೂರ. ಊಟ, ಬಟ್ಟೆ, ಸ್ಕೂಲು ಎಲ್ಲ ಕಂಪನಿಯದ್ದು. ಕಥೆ ಬರೆದವರನ್ನು ಬೈಯೋಣ. ಆ ಮಗುವನ್ನು ಬೈಯಲು ನನಗೆ ಮನಸ್ಸು ಬರುವುದಿಲ್ಲ.

ಮಂಡ್ಯ ಮೇಷ್ಟ್ರು

ಮಗುವನ್ನು ಬೈಯಲಿಲ್ಲ ಅಪ್ಪಾ. ಆ ವಯಸ್ಸಿನ ಮಕ್ಕಳಿಗೇ ನಾನು ಪಾಠ ಮಾಡುವುದು. ಎಂಥ ಕೈಗೆ ಸಿಕ್ಕಿದ ಅನ್ನುವುದೇ ನನ್ನ ಸಂಕಟ.

ಜಯಲಕ್ಷ್ಮೀಪುರಂ ನಿವಾಸಿ

ನಾನು ತಡವಾಗಿ ನೋಡಿದೆ. ಫ್ಲಾಹರ್ಟಿ ತಂಡ ಇಲ್ಲಿದ್ದಾಗ ಮಹಾರಾಜರು, ಅಂದರೆ ನಾಲ್ವಡಿಯವರು, ಅವರಿಗೆ ಬಿಟ್ಟುಕೊಟ್ಟಿದ್ದು ಚಿತ್ತರಂಜನ್ ಮಹಲ್. ನಮ್ಮ ಮನೆಯಿಂದ ನಡೆದು ಹೋಗುವಷ್ಟು ದೂರ. ಅದೇ ಆಮೇಲೆ ಪ್ರೀಮಿಯರ್ ಸ್ಟುಡಿಯೋ ಆಯಿತು. ಎಷ್ಟು ಕನ್ನಡ ಸಿನಿಮಾ ಅಲ್ಲಿ ಆಗಿವೆಯೋ. 1989ರ ಫೆಬ್ರವರಿ 8ರಂದು ಟಿಪ್ಪು ಸುಲ್ತಾನ್ ಧಾರಾವಾಹಿಯ ಚಿತ್ರೀಕರಣದಲ್ಲಿ ಬೆಂಕಿ ಬಿದ್ದಿದ್ದೂ ಅದೇ ಸ್ಟುಡಿಯೋದಲ್ಲಿ. ಅರವತ್ತಕ್ಕೂ ಹೆಚ್ಚು ಜನ ಹೋದರು. ಆ ವಿಷಯ ಬಂದರೆ ನಮ್ಮ ಬೀದಿಯ ಹಿರಿಯರು ಈಗಲೂ ದನಿ ತಗ್ಗಿಸುತ್ತಾರೆ. ಮಹಲ್ ಈಗ ಹೋಟೆಲ್ ಆಗಿದೆ. ತೋಟ ಚೆನ್ನಾಗಿದೆ. ಅಲ್ಲಿ ಕಾಫಿ ಕುಡಿಯುವಾಗ ಇನ್ನು ಮೇಲೆ ನನಗೆ ಸಾಬು ನೆನಪಾಗುತ್ತಾರೆ.

ಬೆಳ್ಳಿ ತೆರೆ

ಸಾಬು ದೊಡ್ಡವರಾದ ಮೇಲಿನ ಕಥೆ ನಾನು ಹೇಳುತ್ತೇನೆ, ಅದರ ಬಗ್ಗೆ ಯಾರೂ ಬರೆದಿಲ್ಲ.

1942ರಲ್ಲಿ ‘ಜಂಗಲ್ ಬುಕ್’. ಮೌಗ್ಲಿ ಪಾತ್ರ. ಅಲ್ಲಿಗೆ ಕೊರ್ಡಾ ಸಹವಾಸ ಮುಗಿಯಿತು. ಆಮೇಲೆ ಯೂನಿವರ್ಸಲ್ ಕಂಪನಿ. ‘ಅರೇಬಿಯನ್ ನೈಟ್ಸ್’, ‘ವೈಟ್ ಸ್ಯಾವೇಜ್’, ‘ಕೋಬ್ರಾ ವುಮನ್’. ಮೂರರಲ್ಲೂ ನಾಯಕ ಜಾನ್ ಹಾಲ್, ನಾಯಕಿ ಮರಿಯಾ ಮೊಂಟೆಜ್, ಪಕ್ಕದಲ್ಲಿ ಸಾಬು. ಬಿಳಿಯ ನಾಯಕನ ಜೊತೆಗಾರ. ಮೈಮೇಲೆ ಬಟ್ಟೆ ಕಡಿಮೆ, ತಲೆ ಮೇಲೆ ರುಮಾಲು, ಬಾಯಲ್ಲಿ ಎರಡು ತಮಾಷೆ ಮಾತು. ನಾಯಕಿ ಜೊತೆ ಪ್ರೀತಿ ಮಾಡುವ ಪಾತ್ರ ಇವರಿಗೆ ಬರುವುದಿಲ್ಲ. ಇಲ್ಲಿಂದಲೇ ಅವರು ಪೋಷಕ ನಟ ಆಗಿದ್ದು. ಇಷ್ಟಪಟ್ಟು ಆಗಿದ್ದಲ್ಲ.

1944ರಲ್ಲಿ ಅಮೆರಿಕದ ಪೌರತ್ವ ತೆಗೆದುಕೊಂಡು ಸೈನ್ಯ ಸೇರಿದರು. ಹೆಸರಿಗೆ ಸೇರಿ ಭಾಷಣ ಮಾಡಿಕೊಂಡು ಇರಲಿಲ್ಲ. ಬಿ-24 ಬಾಂಬರ್ ವಿಮಾನದಲ್ಲಿ ಗನ್ನರ್ ಆಗಿ ಪೆಸಿಫಿಕ್ ಮೇಲೆ ಹತ್ತಾರು ಸಲ ಹಾರಿದರು. ಡಿಸ್ಟಿಂಗ್ವಿಶ್ಡ್ ಫ್ಲೈಯಿಂಗ್ ಕ್ರಾಸ್ ಪದಕ ಸಿಕ್ಕಿತು. ಆನೆಯ ಕತ್ತಿನ ಮೇಲೆ ಕೂತು ಬೆಳೆದ ಹುಡುಗ ವಿಮಾನದ ಒಂದು ಮೂಲೆಯಲ್ಲಿ ಬಂದೂಕು ಹಿಡಿದು ಕೂತಿದ್ದನ್ನು ಯೋಚಿಸಿದರೆ ಮೈ ಜುಮ್ ಅನ್ನುತ್ತದೆ.

ಯುದ್ಧದಿಂದ ಬಂದ ಮೇಲೆ 1947ರಲ್ಲಿ ‘ಬ್ಲ್ಯಾಕ್ ನಾರ್ಸಿಸಸ್’. ಮೈಕೆಲ್ ಪೊವೆಲ್, ಎಮೆರಿಕ್ ಪ್ರೆಸ್‌ಬರ್ಗರ್ ಮಾಡಿದ ಸಿನಿಮಾ. ಹಿಮಾಲಯದ ಕಥೆ, ಆದರೆ ತೆಗೆದಿದ್ದೆಲ್ಲ ಇಂಗ್ಲೆಂಡಿನಲ್ಲಿ. ಬೆಟ್ಟದ ಮೇಲಿನ ಹಳೇ ಅರಮನೆಯಲ್ಲಿ ಕ್ರೈಸ್ತ ಸನ್ಯಾಸಿನಿಯರು ಶಾಲೆ ಮಾಡಿರುತ್ತಾರೆ. ಅಲ್ಲಿ ಓದಲು ಬರುವ ಯುವ ಜನರಲ್ ಪಾತ್ರ ಸಾಬು ಅವರದ್ದು. ಜರಿ ಬಟ್ಟೆ, ಒಡವೆ, ಕರವಸ್ತ್ರಕ್ಕೆ ಸೆಂಟು. ಆ ಸೆಂಟಿನ ಹೆಸರೇ ಸಿನಿಮಾದ ಹೆಸರು. ಓದಬೇಕು ಅನ್ನುವ ಆಸೆ ನಿಜ, ತಾನು ಚೆಂದ ಅನ್ನುವ ಜಂಬವೂ ನಿಜ. ಎರಡನ್ನೂ ಒಂದೇ ನಗುವಿನಲ್ಲಿ ಇಡುತ್ತಾರೆ. ಕೊನೆಗೆ ತಪ್ಪು ಮಾಡಿ ಕ್ಷಮೆ ಕೇಳಲು ಬಂದಾಗ ಅದೇ ಜಂಬದ ಹುಡುಗ ಕುಗ್ಗಿ ನಿಂತಿರುತ್ತಾನೆ. ತೆರೆ ಮೇಲೆ ಇರುವುದು ಸ್ವಲ್ಪ ಹೊತ್ತು. ಸಿನಿಮಾ ಮುಗಿದ ಮೇಲೂ ಆ ಮುಖ ಮನಸ್ಸಿನಲ್ಲಿ ಉಳಿಯುತ್ತದೆ. ಪೋಷಕ ನಟ ಮಾಡಬೇಕಾದ ಕೆಲಸ ಇದೇ ಅಲ್ವಾ? ಹಳೇ ಟಾಕೀಸು ಸರ್, ನೀವು ಕೇಳಿದ ತೂಕಕ್ಕೆ ಇದನ್ನು ಇಡಿ.

ಇಂಥ ಪಾತ್ರ ಮತ್ತೆ ಬರಲಿಲ್ಲ. 1948ರಲ್ಲಿ ‘ಮ್ಯಾನ್ ಈಟರ್ ಆಫ್ ಕುಮಾಂವ್’, ಆಮೇಲೆ ಮತ್ತೆ ಕಾಡು, ಮತ್ತೆ ಹುಲಿ, ಮತ್ತೆ ಆನೆ.

ಹಳೇ ಟಾಕೀಸು

‘ಬ್ಲ್ಯಾಕ್ ನಾರ್ಸಿಸಸ್’ ನಾನು ವರ್ಷಗಳ ಹಿಂದೆ ನೋಡಿದ್ದೇನೆ. ಆ ಜನರಲ್ ಸಾಬು ಅಂತ ಈಗಲೇ ಗೊತ್ತಾಗಿದ್ದು. ಆ ಪಾತ್ರ ಚೆನ್ನಾಗಿ ನೆನಪಿದೆ, ಮಾಡಿದವರ ಹೆಸರು ನೆನಪಿರಲಿಲ್ಲ. ನನ್ನ ಮೊದಲ ಮಾತನ್ನು ವಾಪಸ್ ತೆಗೆದುಕೊಳ್ಳುತ್ತೇನೆ.

ಮಂಡ್ಯ ಮೇಷ್ಟ್ರು

ಒಂದು ಪ್ರಶ್ನೆ. ಸ್ವಾತಂತ್ರ್ಯ ಬಂದ ಮೇಲೆ ಇಲ್ಲಿಗೆ ಬಂದು ಸಿನಿಮಾ ಮಾಡಬಹುದಿತ್ತಲ್ಲ? ನಮ್ಮವರು ಕರೆಯಲಿಲ್ಲವಾ?

ಬೆಳ್ಳಿ ತೆರೆ

ಕರೆದಿದ್ದರು ಸರ್. ಮೆಹಬೂಬ್ ಖಾನ್ ಅವರು ‘ಮದರ್ ಇಂಡಿಯಾ’ ಮಾಡುವಾಗ ಬಿರ್ಜು ಪಾತ್ರಕ್ಕೆ ಸಾಬು ಬೇಕು ಅಂದುಕೊಂಡಿದ್ದರು. ಆದರೆ ಸಾಬು ಆಗ ಅಮೆರಿಕದ ಪ್ರಜೆ. ಇಲ್ಲಿ ಕೆಲಸ ಮಾಡುವ ಪರವಾನಗಿ ಸಿಗಲಿಲ್ಲ. ಪಾತ್ರ ಸುನಿಲ್ ದತ್ ಅವರಿಗೆ ಹೋಯಿತು. 1957ರಲ್ಲಿ ಸಿನಿಮಾ ಬಂತು, ಮುಂದಿನದು ನಿಮಗೆ ಗೊತ್ತಿದೆ. ಅಮ್ಮನ ಬಳೆಗಳನ್ನು ಸಾಹುಕಾರನಿಂದ ವಾಪಸ್ ತರಬೇಕು ಅಂತ ಉರಿಯುವ ಮಗನ ಪಾತ್ರ ಅದು. ಸಾಬು ಅದನ್ನು ಹೇಗೆ ಮಾಡುತ್ತಿದ್ದರು ಅಂತ ನಾನು ಎಷ್ಟೋ ಸಲ ಯೋಚಿಸಿದ್ದೇನೆ. ಹುಟ್ಟಿದ ದೇಶದ ಒಂದು ಸಿನಿಮಾದಲ್ಲೂ ಅವರು ನಟಿಸಲಿಲ್ಲ.

ಕೋಟೆ ಕಡೆಯವ

ಇದು ಗೊತ್ತಿರಲಿಲ್ಲ. ಓದಿ ಸುಮ್ನೆ ಕೂತುಬಿಟ್ಟೆ.

ಚಾಮುಂಡಿಪುರಂ ಓದುಗಿ

ಕೊನೆಯ ವರ್ಷಗಳ ಬಗ್ಗೆ ನನಗೆ ತಿಳಿದಿದ್ದು ಇಷ್ಟು. 1948ರಲ್ಲಿ ಮದುವೆಯಾದರು. ಮಗ, ಮಗಳು ಹುಟ್ಟಿದರು. ಯೂರೋಪಿನಲ್ಲಿ ಒಂದೆರಡು ಸಿನಿಮಾ ಮಾಡಿದರು. 1950ರ ದಶಕದ ಶುರುವಿನಲ್ಲಿ ಲಂಡನ್ನಿನ ಹ್ಯಾರಿಂಗೇ ಅರೀನಾದಲ್ಲಿ ಸರ್ಕಸ್‌ನಲ್ಲಿ ಆನೆಗಳ ಜೊತೆ ಪ್ರದರ್ಶನ ಕೊಟ್ಟರು. ಹದಿನೈದು ವರ್ಷ ಸಿನಿಮಾ ಮಾಡಿದ ಮೇಲೂ ಜನ ಅವರನ್ನು ಆನೆ ಮೇಲೆಯೇ ನೋಡಲು ಬಯಸಿದರು. ಜೊತೆಗಿದ್ದ ಅಣ್ಣ 1960ರಲ್ಲಿ ತಮ್ಮ ಅಂಗಡಿಯಲ್ಲಿ ನಡೆದ ದರೋಡೆಯಲ್ಲಿ ಕೊಲೆಯಾದರು. ಆನೆ ಲಾಯದಿಂದ ಕೈ ಹಿಡಿದು ಜೊತೆಗೆ ಬಂದಿದ್ದ ಒಂದೇ ಜೀವ ಅದು.

1963ರ ‘ರ‍್ಯಾಂಪೇಜ್’ನಲ್ಲಿ ರಾಬರ್ಟ್ ಮಿಚಮ್ ನಾಯಕ, ಸಾಬು ಕಾಡಿನ ದಾರಿ ತೋರಿಸುವವರು. ಡಿಸ್ನಿಯ ‘ಎ ಟೈಗರ್ ವಾಕ್ಸ್’ನಲ್ಲಿ ಸರ್ಕಸ್ಸಿನ ಹುಲಿ ಪಳಗಿಸುವವರು. ಅದು ತೆರೆಗೆ ಬರುವ ಮೊದಲೇ, 1963ರ ಡಿಸೆಂಬರ್ 2ರಂದು, ಲಾಸ್ ಏಂಜಲೀಸ್ ಹತ್ತಿರದ ಮನೆಯಲ್ಲಿ ಹೃದಯಾಘಾತವಾಗಿ ತೀರಿಕೊಂಡರು. ಮೂವತ್ತೊಂಬತ್ತು ವರ್ಷ.

ಹೆಸರಿನ ಬಗ್ಗೆಯೂ ಒಂದು ಮಾತು. ಎಷ್ಟೋ ಕಡೆ ಸಾಬು ದಸ್ತಗೀರ್ ಅಂತ ಬರೆದಿರುತ್ತಾರೆ. ದಸ್ತಗೀರ್ ಅಣ್ಣನ ಹೆಸರು, ಇವರದು ಸೆಲಾರ್ ಶೇಖ್ ಸಾಬು ಅಂತ ಇವರ ಬಗ್ಗೆ ಕೆಲಸ ಮಾಡಿದವರು ಹೇಳುತ್ತಾರೆ. ತೆರೆ ಮೇಲೆ ಮಾತ್ರ ಬರೀ ‘ಸಾಬು’.

ದಸರಾ ಸಮಯದಲ್ಲಿ ಅರಮನೆ ಆವರಣದಲ್ಲಿ ಮಾವುತರ ಮಕ್ಕಳಿಗೆ ಟೆಂಟ್ ಶಾಲೆ ನಡೆಯುತ್ತದೆ. ಮುಂದಿನ ವರ್ಷ ಅಲ್ಲಿ ಒಂದು ಸಂಜೆ ಬಿಳಿ ಪಂಚೆ ಕಟ್ಟಿ ‘ದಿ ಥೀಫ್ ಆಫ್ ಬಾಗ್ದಾದ್’ ತೋರಿಸಲು ಅನುಮತಿ ಕೇಳಬೇಕು ಅಂತಿದ್ದೇನೆ. ‘ಎಲಿಫೆಂಟ್ ಬಾಯ್’ ಬೇಡ. ಆನೆ ಅವರು ದಿನಾ ನೋಡುತ್ತಾರೆ. ಕಥೆಯನ್ನು ನಡುನಡುವೆ ಕನ್ನಡದಲ್ಲಿ ಹೇಳುವವರು ಬೇಕು. ಯಾರು ಬರುತ್ತೀರಿ?

ಮಂಡ್ಯ ಮೇಷ್ಟ್ರು

ಕಥೆ ನಾನು ಹೇಳುತ್ತೇನೆ ಅಮ್ಮ. ಮಂಡ್ಯದಿಂದ ಬರುವುದು ಎಷ್ಟು ಹೊತ್ತು.

ಜಯಲಕ್ಷ್ಮೀಪುರಂ ನಿವಾಸಿ

ಪ್ರೊಜೆಕ್ಟರ್ ನನ್ನದು.

ಹಳೇ ಟಾಕೀಸು

ನಿನ್ನೆ ರಾತ್ರಿ ಮೊಮ್ಮಗಳ ಜೊತೆ ಕೂತು ‘ದಿ ಥೀಫ್ ಆಫ್ ಬಾಗ್ದಾದ್’ ನೋಡಿದೆ. ಅವಳಿಗೆ ಏಳು ವರ್ಷ. ಇಂಗ್ಲಿಷ್ ಅಷ್ಟಾಗಿ ಗೊತ್ತಾಗಲಿಲ್ಲ, ಆದರೂ ಎದ್ದು ಹೋಗಲಿಲ್ಲ. ಜಿನ್ ಬಂದಾಗ ನನ್ನ ಕೈ ಹಿಡಿದುಕೊಂಡಳು. ಬಾಣಲೆ ಬಂದಾಗ "ತಾತ, ಅದೇನು ತಿಂಡಿ?" ಅಂತ ಕೇಳಿದಳು. ಅವನಮ್ಮ ಮಾಡಿಕೊಡುತ್ತಿದ್ದಿದ್ದು ಅಂತ ಹೇಳಿದೆ. "ಹಂಗಾದ್ರೆ ಅವನಮ್ಮ ಎಲ್ಲಿ?" ಅಂದಳು.